ಪಿಯರ್ ಬ್ರೀಸ್ ಅವರ ವಿನ್ನೆಟೂ ಚಿತ್ರಗಳು: ಯಾವುದರಿಂದ ಶುರು ಮಾಡಬೇಕು?

ಪ್ರಶ್ನೆ
ಫ್ರೆಂಚ್ ನಟ ಪಿಯರ್ ಬ್ರೀಸ್ ಅಮೆರಿಕದ ಮೂಲನಿವಾಸಿ ಅಪಾಚೆ ಬುಡಕಟ್ಟಿನ ನಾಯಕ ವಿನ್ನೆಟೂ ಆಗಿ ನಟಿಸಿದ ಜರ್ಮನ್ ಸಾಹಸ ಚಿತ್ರಗಳನ್ನು ಸಾಲಾಗಿ ನೋಡಬೇಕೆಂದಿದ್ದೇನೆ. ಪಟ್ಟಿಗಳು ಒಂದಕ್ಕೊಂದು ತಾಳೆಯಾಗುತ್ತಿಲ್ಲ. 'ವಿನ್ನೆಟೂ 1' ಮೊದಲನೆಯದಲ್ಲವೇ? ಮೂರನೆಯ ಭಾಗದಲ್ಲಿ ಸತ್ತವನು ಆಮೇಲಿನ ಚಿತ್ರಗಳಲ್ಲಿ ಹೇಗೆ ಬಂದ?

ಉತ್ತರ 1
ಒಟ್ಟು 11 ಚಿತ್ರ, 1962ರಿಂದ 1968ರವರೆಗೆ. ಮೊದಲು ಬಂದದ್ದು 1962ರ 'ಡೆರ್ ಶಾಟ್ಸ್ ಇಮ್ ಜಿಲ್ಬರ್‌ಸೇ'. ಅದರಲ್ಲಿ ವಿನ್ನೆಟೂ ಮತ್ತು ಬಿಳಿಯ ಸಾಹಸಿ ಓಲ್ಡ್ ಶ್ಯಾಟರ್‌ಹ್ಯಾಂಡ್ (ನಟ ಲೆಕ್ಸ್ ಬಾರ್ಕರ್) ಆಗಲೇ ಗೆಳೆಯರು. ಅವರು ಮೊದಲು ಎದುರಾದದ್ದು ಹೇಗೆ ಎಂಬ ಕಥೆ ಮರುವರ್ಷದ 'ವಿನ್ನೆಟೂ 1'ರಲ್ಲಿದೆ. ಕಥೆಯ ದೃಷ್ಟಿಯಿಂದ ಅದರಿಂದಲೇ ಶುರು ಮಾಡಿ. ವಿನ್ನೆಟೂ ಅಪ್ಪ, ತಂಗಿ ಇಬ್ಬರನ್ನೂ ಕಳೆದುಕೊಳ್ಳುವುದು ಅಲ್ಲಿ. ಅದನ್ನು ನೋಡದಿದ್ದರೆ ಆಮೇಲಿನ ಅವನ ಮೌನಕ್ಕೆ ಅರ್ಥವೇ ಸಿಗುವುದಿಲ್ಲ.

'ವಿನ್ನೆಟೂ 3' (1965) ಮಾತ್ರ ಕೊನೆಗಿರಲಿ. ಗೆಳೆಯನಿಗೆ ತಗಲಬೇಕಿದ್ದ ಗುಂಡಿಗೆ ಅವನು ಎದೆಯೊಡ್ಡುವುದು ಅದರಲ್ಲಿ. ಅದಾದ ಮೇಲೆ ಇನ್ನೂ ನಾಲ್ಕು ಚಿತ್ರ ಬಂದವು. ಪಾತ್ರಕ್ಕೆ ಮರುಜೀವ ಕೊಟ್ಟಿಲ್ಲ, ಸಾವಿಗೆ ಮೊದಲಿನ ಸಾಹಸಗಳೆಂದು ಅವನ್ನು ನೋಡಬೇಕು.

ಉತ್ತರ 2
ಜೊತೆಗಾರ ಬದಲಾಗುವುದೂ ಗೊಂದಲಕ್ಕೆ ಕಾರಣ. ಬಾರ್ಕರ್ ಇರುವುದು ಏಳರಲ್ಲಿ, ಸ್ಟೀವರ್ಟ್ ಗ್ರೇಂಜರ್ ಮೂರರಲ್ಲಿ, ರಾಡ್ ಕ್ಯಾಮರೂನ್ ಒಂದರಲ್ಲಿ. ಎಲ್ಲದಕ್ಕೂ ಸಮಯವಿಲ್ಲದಿದ್ದರೆ ಹಾರಾಲ್ಡ್ ರೈನ್ಲ್ ನಿರ್ದೇಶಿಸಿದ ಐದನ್ನು ಹಿಡಿಯಿರಿ. ಗ್ರೇಂಜರ್ ಚಿತ್ರಗಳ ಹಗುರ ಹಾಸ್ಯ ಈ ಪಾತ್ರದ ಗಾಂಭೀರ್ಯಕ್ಕೆ ಒಗ್ಗುವುದಿಲ್ಲ ಎಂಬುದು ನನ್ನ ಖಚಿತ ಅಭಿಪ್ರಾಯ.

ಇಂಗ್ಲಿಷ್ ಪ್ರತಿ ಹುಡುಕುವಾಗ ಎಚ್ಚರ: ಹೆಸರಿನಲ್ಲಿ ಸಂಖ್ಯೆ ಇರುವುದಿಲ್ಲ. ಒಂದನೆಯದು 'ಅಪಾಚೆ ಗೋಲ್ಡ್', ಎರಡನೆಯದು 'ಲಾಸ್ಟ್ ಆಫ್ ದ ರೆನೆಗೇಡ್ಸ್', ಮೂರನೆಯದು 'ದ ಡೆಸ್ಪರಾಡೊ ಟ್ರೇಲ್'.

ಪ್ರಶ್ನೆ ಕೇಳಿದವರು
ಉಪಕಾರವಾಯಿತು. ತುಟಿಗೂ ಮಾತಿಗೂ ಹೊಂದಿಕೆಯಿಲ್ಲವಲ್ಲ, ಪ್ರತಿಯ ದೋಷವೇ?

ಉತ್ತರ 3
ದೋಷವಲ್ಲ. ಫ್ರಾನ್ಸ್, ಅಮೆರಿಕ, ಇಟಲಿ, ಯುಗೊಸ್ಲಾವಿಯದ ನಟರೆಲ್ಲ ಒಂದೇ ಚೌಕಟ್ಟಿನಲ್ಲಿದ್ದರು. ಜರ್ಮನ್ ಸಂಭಾಷಣೆಯನ್ನು ಆಮೇಲೆ ಡಬ್ ಮಾಡಲಾಯಿತು. ಬ್ರೀಸ್ ಅವರಿಗೂ ಬೇರೆಯವರೇ ಧ್ವನಿ ಕೊಟ್ಟರು, ಅದೂ ಎಲ್ಲದರಲ್ಲಿ ಒಬ್ಬರೇ ಅಲ್ಲ. ಹಾಗಾಗಿ ಅವರ ನಟನೆಯನ್ನು ಕಿವಿಯಿಂದಲ್ಲ, ಕಣ್ಣಿಂದ ಅಳೆಯಬೇಕು. ವಂದಿಸುವಾಗ ಕೈ ಎದೆಯ ಮೇಲಿಂದ ಹೊರಟು ನಿಧಾನವಾಗಿ ಕಮಾನಿನಂತೆ ಹೊರಕ್ಕೆ ಚಾಚುತ್ತದೆ. ತಲೆ ಅಲುಗುವುದಿಲ್ಲ, ನೋಟ ಎದುರಿನವನ ಮುಖ ಬಿಡುವುದಿಲ್ಲ. ಪುಟಗಟ್ಟಲೆ ಮಾತಿನ ಕೆಲಸವನ್ನು ಆ ಒಂದು ಸನ್ನೆ ಮಾಡುತ್ತದೆ.

ನಿಜವಾದ ದೋಷವೆಂದರೆ ಕತ್ತರಿಸಿದ ಪ್ರತಿ. ಈ ಚಿತ್ರಗಳು ಅಗಲ ಪರದೆಯವು, 'ವಿನ್ನೆಟೂ' ಮೂರೂ ಭಾಗಗಳ ಅನುಪಾತ 2.35:1. ಹಳೆಯ 4:3 ಟಿವಿಗೆ ತುಂಬಿಸಿದ್ದರೆ ಅಗಲದಲ್ಲಿ ಶೇ. 43ರಷ್ಟು ಹೋಗಿರುತ್ತದೆ, ಚೌಕಟ್ಟಿನ ಎರಡು ತುದಿಗಳಲ್ಲಿ ನಿಂತ ಗೆಳೆಯರಲ್ಲಿ ಒಬ್ಬ ಮಾಯ. 1080 ಸಾಲಿನ ಪರದೆಯಲ್ಲಿ ಮೇಲೆ, ಕೆಳಗೆ ಸುಮಾರು 130 ಸಾಲಿನ ಕಪ್ಪು ಪಟ್ಟಿ ಬಂದರೆ ಪ್ರತಿ ಸರಿಯಿದೆ ಎಂದುಕೊಳ್ಳಿ. ಕ್ರೊಯೇಷಿಯದ ಪ್ಲಿಟ್ವಿಟ್ಸೆ ಸರೋವರ, ಪಾಕ್ಲೆನಿಟ್ಸ ಕಣಿವೆಗಳನ್ನೇ ಅಮೆರಿಕದ ಪಶ್ಚಿಮವಾಗಿ ತೋರಿಸಿದ್ದಾರೆ, ಅಂಚು ಕತ್ತರಿಸಿದರೆ ಆ ಬಂಡೆಗಳ ಹರವೂ ದಕ್ಕದು.

ಉತ್ತರ 4
ಒಂದು ಸೇರ್ಪಡೆ. ಅಪಾಚೆ ವೇಷದಾಚೆಗಿನ ಬ್ರೀಸ್ ಅವರನ್ನೂ ನೋಡಿ. 1963ರಲ್ಲೇ ಇಟಲಿಯಲ್ಲಿ ಉಂಬೆರ್ತೊ ಲೆಂಜಿ ನಿರ್ದೇಶನದ 'ಝೋರೊ ಕಾಂತ್ರೊ ಮಾಚಿಸ್ತೆ'ಯಲ್ಲಿ ಝೋರೊ ಆಗಿದ್ದರು. ಅಲ್ಲಿ ನಗುತ್ತಾರೆ, ಕತ್ತಿ ಬೀಸುತ್ತಾರೆ, ಮಾತೂ ಧಾರಾಳ. ಅದನ್ನು 'ವಿನ್ನೆಟೂ 1'ರ ಮರುದಿನವೇ ಹಾಕಿ.