ಬೆಂಗಳೂರಿಗೆ ಕಳಿಸಿದರೆ ಮಗ ಗ್ಯಾಂಗಿನಿಂದ ದೂರವಾಗುತ್ತಾನೆಯೇ?

ಆತ್ಮೀಯರೇ,

ಲಂಡನ್ನಿನಲ್ಲಿರುವ ನಮ್ಮ ಗುಂಪಿನ ತಾಯಿಯೊಬ್ಬರು, 14 ವರ್ಷದ ಮಗ ಗ್ಯಾಂಗಿನ ಹುಡುಗರ ಜೊತೆ ಸೇರಿರುವ ಅನುಮಾನವಿದೆ, ಅವನನ್ನು ಬೆಂಗಳೂರಿನಲ್ಲಿ ಅಜ್ಜಿಯ ಮನೆಯಲ್ಲಿಟ್ಟು ಓದಿಸಬಹುದೇ ಎಂದು ಕೇಳಿದ್ದಾರೆ. ವರ್ಷಗಟ್ಟಲೆ ಹೊರಗಿದ್ದು ಈಗ ಬೆಂಗಳೂರಿನ ವಿಜಯನಗರದಲ್ಲಿ ನೆಲೆಸಿರುವ ನನ್ನ ಅಭಿಪ್ರಾಯದಲ್ಲಿ, ಅದೊಂದನ್ನೇ ನೆಚ್ಚಿಕೊಂಡು ಹುಡುಗನನ್ನು ವಿಮಾನ ಹತ್ತಿಸಬಾರದು.

ಫ್ರೆಡರಿಕ್ ಥ್ರಾಷರ್ ಎಂಬ ಸಮಾಜಶಾಸ್ತ್ರಜ್ಞರು 1927ರಲ್ಲಿ ಶಿಕಾಗೊದ 1313 ಗ್ಯಾಂಗುಗಳ ಅಧ್ಯಯನವನ್ನು ಪ್ರಕಟಿಸಿದರು. ಅವರು ಕಂಡಂತೆ, ಬಹಳಷ್ಟು ಗ್ಯಾಂಗುಗಳು ವಲಸೆ ಬಂದವರ ಬಡಾವಣೆಗಳಲ್ಲಿ ಒಟ್ಟಿಗೆ ಆಡುತ್ತಿದ್ದ ಹುಡುಗರ ಕೂಟಗಳಾಗಿ ಹುಟ್ಟಿ, ಪಕ್ಕದ ಬೀದಿಯವರೊಡನೆ ಜಗಳ ಬೆಳೆದಂತೆ ಗಟ್ಟಿಯಾದಂಥವು. ಹುಡುಗನಿಗೆ ಮೊದಲು ಬೇಕಾಗುವುದು ತನ್ನವರೆನ್ನಬಹುದಾದ ನಾಲ್ಕು ಜನ, ಒಂದಿಷ್ಟು ಗೌರವ, ಪೆಟ್ಟು ತಿನ್ನದಂತೆ ರಕ್ಷಣೆ; ಹಣದ ಆಸೆ ಎಷ್ಟೋ ಸಲ ಆಮೇಲೆ ಬರುತ್ತದೆ. ಕೆನಡಾದ ಸರ್ರೆಯಲ್ಲಿ ಅನುಕೂಲಸ್ಥ ಪಂಜಾಬಿ ಮನೆಗಳ ಹುಡುಗರೂ ಗ್ಯಾಂಗು ಸೇರಿದ್ದಾರೆ, ಆದ್ದರಿಂದ ನಮ್ಮಂಥವರ ಮನೆಗೆ ಇದು ಬಾರದೆಂದು ನಿಶ್ಚಿಂತರಾಗಿರುವಂತಿಲ್ಲ.

ಇನ್ನು ಆ ಹುಡುಗ ಇಲ್ಲಿಗೆ ಬಂದನೆನ್ನಿ. ಕನ್ನಡ ತಡವರಿಸುತ್ತಾನೆ, ತರಗತಿಯಲ್ಲಿ ನಗುತ್ತಾರೆ, ಅಜ್ಜಿಗೆ ಅವನ ಫೋನಿನಲ್ಲಿ ಏನಿದೆಯೆಂದು ತಿಳಿಯುವುದಿಲ್ಲ. ಸಂಜೆ ಬೇಕರಿಯ ಮುಂದೆ ಪರಿಚಯವಾಗುವ ‘ಏರಿಯಾ’ದ ಅಣ್ಣನೊಬ್ಬ ಬೈಕು ಓಡಿಸಲು ಕೊಟ್ಟು, ಯಾರಾದರೂ ಮುಟ್ಟಿದರೆ ತನ್ನ ಹೆಸರು ಹೇಳೆಂದರೆ, ಲಂಡನ್ನಿನಲ್ಲಿ ಅವನು ಹುಡುಕುತ್ತಿದ್ದದ್ದು ಇಲ್ಲೂ ಸಿಕ್ಕಂತಾಯಿತು.

ಆ ತಾಯಿ ಮುಖ್ಯವಾಗಿ ತಿಳಿಯಬೇಕಾದ ಸಂಗತಿ ಬೇರೆಯಿದೆ. ಬ್ರಿಟನ್ನಿನಲ್ಲಿ ‘ಕೌಂಟಿ ಲೈನ್ಸ್’ ಎನ್ನುವ ಜಾಲಗಳು ಮಕ್ಕಳ ಕೈಯಲ್ಲಿ ಮಾದಕ ವಸ್ತು ಕೊಟ್ಟು ರೈಲಿನಲ್ಲಿ ಸಣ್ಣ ಊರುಗಳಿಗೆ ಕಳಿಸುತ್ತವೆ. ಎಷ್ಟೋ ಬಾರಿ ಗ್ಯಾಂಗಿನವರೇ ದಾರಿಯಲ್ಲಿ ಆ ಪೊಟ್ಟಣವನ್ನು ಕದಿಸಿ, ಅದರ ಬೆಲೆಯನ್ನು ಹುಡುಗನ ತಲೆಯ ಮೇಲೆ ಸಾಲವಾಗಿ ಹೊರಿಸುತ್ತಾರೆ. ಆಮೇಲೆ ಅವನು ಬಿಡಬೇಕೆಂದರೂ ಬಿಡಲಾರ, ಮನೆಯಲ್ಲಿ ಹೇಳಲೂ ಆರ. ಎರಡನೆಯ ಫೋನು, ಲೆಕ್ಕವಿಲ್ಲದ ಹಣ, ಹೊಸ ಶೂ, ಕಾರಣ ಹೇಳದ ಗಾಯ, ದೂರದ ಊರಿನ ರೈಲು ಟಿಕೆಟ್ಟು ಕಂಡರೆ ಗದರಿಸುವ ಮೊದಲು, ಯಾರಿಗಾದರೂ ಹಣ ಕೊಡಬೇಕಾಗಿದೆಯೇ ಎಂದು ಮೆಲ್ಲಗೆ ಕೇಳಿ.

ಪರಿಚಯದ ಇನ್‌ಸ್ಪೆಕ್ಟರರಿಂದ ಹೆದರಿಸಿದರೆ ಸರಿಹೋಗುತ್ತಾನೆಂದು ಇಲ್ಲಿ ಬಹಳ ಜನ ನಂಬಿದ್ದಾರೆ. ನ್ಯೂಜೆರ್ಸಿಯ ರಾಹ್ವೆ ಸೆರೆಮನೆಯಲ್ಲಿ 1970ರ ದಶಕದಲ್ಲಿ ಕೈದಿಗಳಿಂದಲೇ ಹುಡುಗರನ್ನು ಬೆದರಿಸುವ ಪ್ರಯೋಗ ಆರಂಭವಾಯಿತು. ಅಂಥ ಕಾರ್ಯಕ್ರಮಗಳನ್ನು ಒಟ್ಟಿಗೆ ಪರಿಶೀಲಿಸಿದಾಗ, ಏನೂ ಮಾಡದೆ ಬಿಟ್ಟ ಹುಡುಗರಿಗಿಂತ ಬೆದರಿಸಿದ ಹುಡುಗರೇ ಹೆಚ್ಚು ಅಪರಾಧಕ್ಕಿಳಿದದ್ದು ಕಂಡುಬಂದಿತು.

ಮರ್ಯಾದೆ ಹೋಗುತ್ತದೆಂದು ಮುಚ್ಚಿಡುವುದು ಗ್ಯಾಂಗಿಗೆ ನಾವೇ ಮಾಡುವ ಸಹಾಯ ಎಂದು ಕಟುವಾಗಿಯೇ ಹೇಳುತ್ತೇನೆ. ಬ್ರಿಟನ್ನಿನ 2015ರ ಆಧುನಿಕ ಗುಲಾಮಗಿರಿ ಕಾಯ್ದೆಯ ಪ್ರಕಾರ, ಹೀಗೆ ಬಳಕೆಯಾದ ಮಗುವನ್ನು ಶೋಷಣೆಗೊಳಗಾದವನೆಂದು ಪರಿಗಣಿಸಲು ಅವಕಾಶವಿದೆ. ನಮ್ಮ 2015ರ ಬಾಲನ್ಯಾಯ ಕಾಯ್ದೆಯ 83ನೆಯ ಕಲಮು ಮಕ್ಕಳನ್ನು ಕಾನೂನುಬಾಹಿರ ಕೆಲಸಕ್ಕೆ ಬಳಸುವ ವಯಸ್ಕರಿಗೆ 7 ವರ್ಷದವರೆಗೆ ಕಠಿಣ ಸಜೆ ಮತ್ತು 5 ಲಕ್ಷ ರೂಪಾಯಿ ದಂಡ ವಿಧಿಸುತ್ತದೆ. ಇಲ್ಲಿ ನೆರವಿಗೆ ಮಕ್ಕಳ ಸಹಾಯವಾಣಿ 1098 ಇದೆ.

ಹದಿಹರೆಯದಲ್ಲಿ ಸೇರಿದವರಲ್ಲಿ ಹೆಚ್ಚಿನವರು ಒಂದೆರಡು ವರ್ಷದೊಳಗೆ ಬಿಟ್ಟುಬರುತ್ತಾರೆಂದು ಅಮೆರಿಕದ ಅಧ್ಯಯನಗಳು ಹೇಳುತ್ತವೆ. ಆದ್ದರಿಂದ ಟಿಕೆಟ್ಟು ಕೊಳ್ಳುವ ಮೊದಲು ಶಾಲೆಯಲ್ಲಿ ಮಕ್ಕಳ ಸುರಕ್ಷತೆಯ ಹೊಣೆ ಹೊತ್ತ ಶಿಕ್ಷಕರನ್ನು ಕಾಣಿರಿ, ಸಾಲವಿದೆಯೆಂದು ತಿಳಿದರೆ ಗುಟ್ಟಾಗಿ ಹಣ ಕೊಟ್ಟು ಮುಗಿಸಲು ಹೋಗಬೇಡಿ. ಅಷ್ಟರ ನಂತರವೂ ಬೆಂಗಳೂರೇ ಸರಿಯೆನಿಸಿದರೆ ತಂದೆ ತಾಯಿಯರಲ್ಲಿ ಒಬ್ಬರು ಕನಿಷ್ಠ ಮೊದಲ ಶಾಲಾವರ್ಷ ಅವನ ಜೊತೆಗಿರಬೇಕು. ಅವನು ಬರುವ ಮೊದಲೇ ಹತ್ತಿರದ ಕ್ರಿಕೆಟ್ ಅಥವಾ ಕಬಡ್ಡಿ ತಂಡದಲ್ಲೊಂದು ಜಾಗ ನೋಡಿಡಲು ನಾನು ಸಿದ್ಧನಿದ್ದೇನೆ.