ಕರಾರು ಮುರಿದಿದ್ದು ಯಾರು ಅಂತ ಇಲಾಖೆಯೇ ತೀರ್ಮಾನ ಮಾಡಬಹುದಾ?

ಪ್ರಶ್ನೆ: ನಮಸ್ಕಾರ ಸರ್. ನಾನು ಸಣ್ಣ ಗುತ್ತಿಗೆದಾರ. ಹಳ್ಳಿ ರಸ್ತೆ ಅಗಲ ಮಾಡಿ ಡಾಂಬರು ಹಾಕೋ ಕೆಲಸ, 1 ಕೋಟಿ 86 ಲಕ್ಷ, ಮಳೆಗಾಲ ಸೇರಿ 11 ತಿಂಗಳು. ವರ್ಕ್ ಆರ್ಡರ್ ಕೊಟ್ಟು 5 ತಿಂಗಳಾದರೂ ಕರೆಂಟ್ ಕಂಬ ಸರಿಸಲಿಲ್ಲ, ಒಂದೂವರೆ ಕಿಲೋಮೀಟರ್ ಮುಟ್ಟೋಕೇ ಆಗಲಿಲ್ಲ. ಎರಡು ರನ್ನಿಂಗ್ ಬಿಲ್ (ಕೆಲಸ ನಡೀತಿರುವಾಗಿನ ಕಂತು ಬಿಲ್) ದುಡ್ಡು ಬಂದಿದೆ, ಮೂರನೇದು 31 ಲಕ್ಷ, ಎಂಬಿ (ಅಳತೆ ಪುಸ್ತಕ) ಬರೆದಾಗಿದೆ, ದುಡ್ಡು ಬಂದಿಲ್ಲ. ಈಗ ಇಲಾಖೆಯವರು 'ಕರಾರು ಉಲ್ಲಂಘನೆ' ಅಂತ ಗುತ್ತಿಗೆ ರದ್ದು ಮಾಡಿದ್ದಾರೆ. ಕೆಲಸಕ್ಕೆ ಭದ್ರತೆಯಾಗಿ ಕೊಟ್ಟ ಬ್ಯಾಂಕ್ ಗ್ಯಾರಂಟಿ ಮುಟ್ಟುಗೋಲು, ಉಳಿದ ಕೆಲಸ ನನ್ನ ಖರ್ಚಲ್ಲಿ ಬೇರೆಯವರಿಗೆ, ಮೇಲಿಂದ ಕಪ್ಪುಪಟ್ಟಿಗೆ ಶಿಫಾರಸು. ಸೀದಾ ಹೈಕೋರ್ಟಿಗೆ ರಿಟ್ (ಸರ್ಕಾರದ ಆದೇಶ ಪ್ರಶ್ನಿಸೋ ಅರ್ಜಿ) ಹಾಕು ಅಂತಾರೆ ಗೆಳೆಯರು. ಹಾಕಲಾ?

ವಕೀಲರ ಉತ್ತರ: ಕೋರ್ಟಿನ ಮಾತು ಆಮೇಲೆ. ಮೊದಲು ಸೈಟಿಗೆ ಹೋಗಿ. ಹೊಸ ಗುತ್ತಿಗೆದಾರ ಜೆಸಿಬಿ ಇಳಿಸಿದ ದಿನವೇ ನೀವು ಹಾಕಿದ ಜಲ್ಲಿ, ಮೆಟ್ಲಿಂಗ್ ಎಲ್ಲ ಅವನ ಲೆಕ್ಕಕ್ಕೆ ಸೇರಿಹೋಗುತ್ತೆ. ಜಂಟಿ ಅಳತೆಗೆ ದಿನ ಗೊತ್ತು ಮಾಡಿ ಅಂತ ಇವತ್ತೇ ಕಾರ್ಯಪಾಲಕ ಇಂಜಿನಿಯರ್‌ಗೆ ಪತ್ರ ಕೊಟ್ಟು ಸ್ವೀಕೃತಿ ಸೀಲು ಹಾಕಿಸಿಕೊಳ್ಳಿ. ಅವರು ಬರದಿದ್ದರೆ ಬೇರೆ ಇಂಜಿನಿಯರ್ ಕರೆಸಿ ಚೈನೇಜ್ (ರಸ್ತೆ ಶುರುವಿನಿಂದ ದೂರದ ಗುರುತು) ಪ್ರಕಾರ ಅಳತೆ ಮಾಡಿಸಿ. ತಾರೀಕು, ಜಾಗ ಕಾಣೋ ಫೋಟೋ ತೆಗೆಸಿ, ಊರಿನ ಇಬ್ಬರ ಸಹಿ ಹಾಕಿಸಿ.

ಇನ್ನು ನಿಮ್ಮ ಮೂಲ ಪ್ರಶ್ನೆ. ಇದಕ್ಕೆ ನಮ್ಮ ತೀರ್ಥಹಳ್ಳಿಯ ಒಂದು ಅಕ್ಕಿ ಗಿರಣಿಯ ಕೇಸೇ ಉತ್ತರ. ಕರ್ನಾಟಕ ಸರ್ಕಾರ ವಿರುದ್ಧ ಶ್ರೀ ರಾಮೇಶ್ವರ ರೈಸ್ ಮಿಲ್ಸ್, 1987, ಸುಪ್ರೀಂ ಕೋರ್ಟ್. ಉಲ್ಲಂಘನೆ ಆಗಿದೆ ಅಂತ ಎರಡೂ ಕಡೆ ಒಪ್ಪಿದರೆ ನಷ್ಟ ಎಷ್ಟು ಅಂತ ಅಧಿಕಾರಿ ಲೆಕ್ಕ ಹಾಕಬಹುದು. ಆದರೆ ಆಗಿದೆಯೋ ಇಲ್ಲವೋ ಅನ್ನೋದೇ ಜಗಳ ಇರುವಾಗ, ಕರಾರಿನ ಒಂದು ಪಕ್ಷವೇ ಜಡ್ಜ್ ಆಗಿ ಕೂರೋ ಹಾಗಿಲ್ಲ. 2011ರ ಜೆ.ಜಿ. ಇಂಜಿನಿಯರ್ಸ್ ತೀರ್ಪೂ ಇದೇ ದಾರಿಯದು, ಅದಂತೂ ಕಟ್ಟಡ ಗುತ್ತಿಗೆಯ ಕೇಸೇ. ಹಾಗಾಗಿ ರದ್ದು ಆದೇಶದಲ್ಲಿ 'ಉಲ್ಲಂಘನೆ' ಅಂತ ಬರೆದ ಮಾತ್ರಕ್ಕೆ ಅದು ಸಾಬೀತಾಗಲ್ಲ.

ರಿಟ್‌ನಲ್ಲಿ ಕಂಬ ಯಾವಾಗ ಸರಿಸಿದರು, ತಡ ಯಾರದ್ದು ಅನ್ನೋ ವಿಚಾರಣೆ ಸಾಮಾನ್ಯವಾಗಿ ನಡೆಯಲ್ಲ, ಸಿವಿಲ್ ದಾವೆಗೋ, ಕೋರ್ಟಿನ ಹೊರಗೆ ಪಂಚರು ತೀರ್ಪು ಕೊಡೋ ಆರ್ಬಿಟ್ರೇಷನ್‌ಗೋ ಹೋಗು ಅಂತಾರೆ. ಕಪ್ಪುಪಟ್ಟಿ ವಿಷಯ ಬೇರೆ, ಅಲ್ಲಿ ರಿಟ್ ಕೆಲಸ ಮಾಡುತ್ತೆ. 'ನಿಮ್ಮನ್ನು ಕಪ್ಪುಪಟ್ಟಿಗೆ ಸೇರಿಸೋ ವಿಚಾರ ಇದೆ' ಅಂತ ಸ್ಪಷ್ಟವಾಗಿ ಹೇಳಿ ಕಾರಣ ಕೇಳೋ ನೋಟಿಸ್ ಕೊಡಲೇಬೇಕು ಅಂತ 2014ರ ಗೂರ್ಖಾ ಸೆಕ್ಯೂರಿಟಿ ತೀರ್ಪಿನಲ್ಲಿದೆ.

ಬ್ಯಾಂಕ್ ಗ್ಯಾರಂಟಿ ವಿಷಯದಲ್ಲಿ ಸುಳ್ಳು ಭರವಸೆ ಕೊಡಲ್ಲ. ದೊಡ್ಡ ಮೋಸ, ಇಲ್ಲವೇ ಆಮೇಲೆ ಸರಿಪಡಿಸೋಕಾಗದ ಅನ್ಯಾಯ, ಇವೆರಡು ಬಿಟ್ಟರೆ ಕೋರ್ಟು ತಡೆ ಕೊಡೋದು ಅಪರೂಪ. ಹೋದ ದುಡ್ಡನ್ನು ಆಮೇಲೆ ವಾಪಸ್ ಕೇಳಬೇಕಾಗುತ್ತೆ. ಕರಾರು ಕಾಯ್ದೆ 74ನೇ ಕಲಂ ಪ್ರಕಾರ ನಷ್ಟವೇ ಆಗದಿದ್ದರೆ ಪರಿಹಾರ ಅಂತ ಇಟ್ಟುಕೊಳ್ಳೋಕೆ ಬರಲ್ಲ. 2015ರ ಕೈಲಾಶ್ ನಾಥ್ ತೀರ್ಪು ಓದಿ.

ಈಗ ನಾನು ಒಂದು ಕೇಳ್ತೀನಿ. ಕಂಬ ಇದೆ ಅಂತ ಆಗಲೇ ಬರೆದು ಕೊಟ್ಟಿದ್ರಾ?

ಪ್ರಶ್ನೆ ಕೇಳಿದವರು: ಎರಡು ಪತ್ರ ಕೊಟ್ಟಿದೀನಿ ಸರ್, ಸೀಲೂ ಇದೆ. ಉಳಿದಿದ್ದೆಲ್ಲ ಎಇ (ಸಹಾಯಕ ಇಂಜಿನಿಯರ್) ಸಾಹೇಬರ ಹತ್ರ ಫೋನಲ್ಲಿ. ಟೈಮ್ ಎಕ್ಸ್‌ಟೆನ್ಷನ್ ಒಂದು ಸಲ ಕೊಟ್ಟರು, 4 ತಿಂಗಳು, ದಂಡ ಇಲ್ಲದೆ.

ವಕೀಲರ ಉತ್ತರ: ದಂಡ ಇಲ್ಲದೆ ಕೊಟ್ಟ ಆ ಆದೇಶವೇ ನಿಮ್ಮ ಬಂಗಾರ. ಆವರೆಗಿನ ತಡ ನಿಮ್ಮದಲ್ಲ ಅಂತ ಅವರೇ ಬರೆದು ಕೊಟ್ಟ ಹಾಗಾಯ್ತು. ಒಂದು ಮುಳ್ಳೂ ಇದೆ. ಅದೇ ಕರಾರು ಕಾಯ್ದೆಯ 55ನೇ ಕಲಂನ ಕೊನೇ ಭಾಗ ಓದಿ: ಎದುರು ಪಕ್ಷ ತಡವಾಗಿ ಮಾಡಿದ್ದನ್ನು ನೀವು ಒಪ್ಪಿಕೊಂಡರೆ, ಒಪ್ಪುವಾಗಲೇ 'ಪರಿಹಾರ ಕೇಳ್ತೀನಿ' ಅಂತ ತಿಳಿಸಿರಬೇಕು. ನಿಮ್ಮ ಎರಡು ಪತ್ರದಲ್ಲಿ ಆ ಮಾತು ಇಲ್ಲದಿದ್ದರೆ ಖಾಲಿ ನಿಂತ ರೋಲರ್ ಬಾಡಿಗೆ, ಕೂಲಿ ಕೇಳೋದು ಕಷ್ಟ. ಮಾಡಿದ ಕೆಲಸದ 31 ಲಕ್ಷಕ್ಕೆ ಇದು ಅಡ್ಡ ಬರಲ್ಲ.

ಇನ್ನೊಬ್ಬ ಸದಸ್ಯರು: ಸರ್, ನಡುವೆ ಬಂದೆ. ನನ್ನ ಹತ್ರ ಎಸ್ಟಿಮೇಟಲ್ಲಿ ಇಲ್ಲದ ಒಂದು ಮೋರಿ ಕಟ್ಟಿಸಿಕೊಂಡರು, ಬರೀ ಬಾಯಿಮಾತು. ಈಗ ಆದೇಶ ಎಲ್ಲಿ ಅಂತಾರೆ.

ವಕೀಲರ ಉತ್ತರ: ಆ ಮೋರಿ ಮೇಲೆ ಬಸ್ಸು ಓಡಾಡ್ತಿದೆ ತಾನೇ? ಪುಕ್ಕಟೆ ಅಲ್ಲದೆ ಮಾಡಿದ ಕೆಲಸದ ಲಾಭ ಪಡೆದವರು ಬೆಲೆ ಕೊಡಬೇಕು ಅನ್ನೋದು ಕರಾರು ಕಾಯ್ದೆ 70ನೇ ಕಲಂ. 1961ರ ಡಿಸೆಂಬರ್‌ನಲ್ಲಿ ಪಶ್ಚಿಮ ಬಂಗಾಳ ಸರ್ಕಾರಕ್ಕೆ ಬಿ.ಕೆ. ಮಂಡಲ್ ಕೇಸಿನಲ್ಲಿ ಇದೇ ಆಗಿದ್ದು, ಅಲ್ಲೂ ಕ್ರಮಬದ್ಧ ಕರಾರು ಇರಲಿಲ್ಲ. ಆದರೆ ಕೆಲಸ ಮುಗಿದು 3 ವರ್ಷದೊಳಗೆ ದಾವೆ ಹಾಕಿ. ಸರ್ಕಾರಕ್ಕೆ ನಮ್ಮ ಮೇಲೆ ದಾವೆ ಹಾಕೋಕೆ 30 ವರ್ಷ ಇದೆ, ಅದು ಬೇರೆ ಹೊಟ್ಟೆಉರಿ. ದಾವೆಗೆ ಮುಂಚೆ ಸಿಪಿಸಿ (ಸಿವಿಲ್ ಪ್ರಕ್ರಿಯಾ ಸಂಹಿತೆ) 80ನೇ ಕಲಂ ನೋಟಿಸ್ ಕೊಟ್ಟು 2 ತಿಂಗಳು ಕಾಯಬೇಕು. ಮೊತ್ತ 3 ಲಕ್ಷ ದಾಟಿದರೆ ಕಮರ್ಷಿಯಲ್ ಕೋರ್ಟು, ತುರ್ತು ತಡೆಯಾಜ್ಞೆ ಕೇಳ್ತಿಲ್ಲ ಅಂದರೆ ಮೊದಲು ಮಧ್ಯಸ್ಥಿಕೆಗೆ ಹೋಗಲೇಬೇಕು.

ಪ್ರಶ್ನೆ ಕೇಳಿದವರು: ಸರ್, ಅಗ್ರಿಮೆಂಟ್ ತೆಗೆದು ನೋಡಿದೆ. 'ಅಧೀಕ್ಷಕ ಇಂಜಿನಿಯರ್ ತೀರ್ಮಾನವೇ ಅಂತಿಮ' ಅಂತಿದೆ. ಇದೇ ಆರ್ಬಿಟ್ರೇಷನ್ನಾ?

ವಕೀಲರ ಉತ್ತರ: ಅಷ್ಟೇ ನೋಡಿ ಹೇಳೋಕಾಗಲ್ಲ. ಇಂಥದೇ ಮಾತಿದ್ದ ಒಂದು ಕಲಮನ್ನು 1996ರ ದಾಮೋದರ್ ದಾಸ್ ಕೇಸಿನಲ್ಲಿ ಆರ್ಬಿಟ್ರೇಷನ್ ಅಲ್ಲ ಅಂದರು. ಬೇರೆ ಪದ ಇದ್ದಾಗ ಹೌದು ಅಂದ ತೀರ್ಪೂ ಇದೆ. ಇಡೀ ಕಲಂ ಪುಟದ ಫೋಟೋ ಕಳಿಸಿ. ಆರ್ಬಿಟ್ರೇಷನ್ನೇ ಅಂತಾದರೂ ಇಲಾಖೆಯ ಅಧಿಕಾರಿಯೇ ಪಂಚನಾಗಿ ಕೂರೋದಕ್ಕೆ 2015ರ ತಿದ್ದುಪಡಿ ಅಡ್ಡ ಇದೆ. ಅವರು ಒಪ್ಪದಿದ್ದರೆ ನೇಮಕಕ್ಕೆ ಹೈಕೋರ್ಟಿಗೆ ಹೋಗೋಣ.

ಅಳತೆ ಆಯ್ತಾ?

ಪ್ರಶ್ನೆ ಕೇಳಿದವರು: ನಾಳೆ 10 ಗಂಟೆಗೆ ಬರ್ತೀವಿ ಅಂದಿದಾರೆ ಸರ್.

ವಕೀಲರ ಉತ್ತರ: ಟೇಪು ನೀವೇ ತಗೊಂಡು ಹೋಗಿ. 'ಇನ್ನೇನೂ ಬಾಕಿ ಇಲ್ಲ' ಅಂತ ಸಹಿ ಕೇಳಿದರೆ ಹಾಕಬೇಡಿ. ಅಳತೆಗೆ ಸಹಿ ಹಾಕೋದಾದರೆ 'ಆಕ್ಷೇಪಣೆಯೊಂದಿಗೆ' ಅಂತ ಬರೆದೇ ಹಾಕಿ.