ಸಹಾಯ ಬೇಕು: ಜಿರಳೆ ಜೆಲ್ ಹಾಕಿದರೆ ಮನೆಯ ಹಲ್ಲಿಗಳಿಗೆ ತೊಂದರೆಯಾಗುತ್ತಾ?

ಎಲ್ಲರಿಗೂ ನಮಸ್ಕಾರ. ಮೈಸೂರಿನ ಅಗ್ರಹಾರದಲ್ಲಿ ನಮ್ಮದು ಹಳೇ ಮನೆ. ಸಿಂಕ್ ಕೆಳಗೆ, ಸಿಲಿಂಡರ್ ಹಿಂದೆ ಸಣ್ಣ ಕಂದು ಜಿರಳೆ ವಿಪರೀತ. ರಾತ್ರಿ ಟ್ಯೂಬ್‌ಲೈಟ್ ಹಿಂದಿನಿಂದ ಒಂದು ಹಲ್ಲಿ ಇಳಿದು ಬಂದು ಹಿಡಿಯುತ್ತೆ. ಜಿರಳೆ ಸ್ವಲ್ಪ ದೊಡ್ಡದಾದರೆ ಗೋಡೆಗೆ ಬಡಿದು ಬಡಿದು ನುಂಗುತ್ತೆ. ಪಾಪ, ಅದನ್ನು ಕಂಡರೆ ನನಗೆ ಅಕ್ಕರೆ.

ಆದರೆ ಒಂದು ಹಲ್ಲಿ ಎಷ್ಟು ಅಂತ ತಿನ್ನುತ್ತೆ? ಬೇವಿನೆಣ್ಣೆ ಒರೆಸಿದೆ, ಲವಂಗ ಇಟ್ಟೆ, ಸಂದಿಗಳಿಗೆ ಬಿಳಿ ಸಿಮೆಂಟ್ ತುಂಬಿದೆ. ಮತ್ತೆ ಅದೇ ಕಥೆ. ಅಂಟಿನ ಹಲಗೆ ಬೇಡ, ಅದಕ್ಕೆ ಹಲ್ಲಿಯೂ ಸಿಕ್ಕಿಕೊಳ್ಳುತ್ತೆ. ಈಗ ಅಂಗಡಿಯವರು ಇಮಿಡಾಕ್ಲೋಪ್ರಿಡ್ ಅನ್ನೋ ಕೀಟನಾಶಕ 2.15% ಇರುವ ಜೆಲ್ ಕೊಟ್ಟಿದ್ದಾರೆ. ಇದನ್ನು ತಿಂದ ಜಿರಳೆ ತಕ್ಷಣ ಸಾಯಲ್ಲ, ಸಂದಿಗೆ ಹೋಗಿ ಆಮೇಲೆ ಸಾಯುತ್ತೆ. ಆ ಮಧ್ಯೆ ಹಲ್ಲಿ ಅದನ್ನು ನುಂಗಿಬಿಟ್ಟರೆ?

ಹಲ್ಲಿ ಇರುವ ಮನೆಯಲ್ಲಿ ಯಾರಾದರೂ ಈ ಜೆಲ್ ಬಳಸಿದ್ದೀರಾ? ಹಲ್ಲಿಗೆ ಏನಾದರೂ ಆಯ್ತಾ? ದಯವಿಟ್ಟು ತಿಳಿಸಿ.